ತಂಗಿ ದೆವ್ವವಲ್ಲ, ಪಾಲುದಾರಳು

ಗಾಥಿಕ್ ಹಾರರ್ ಕಥೆಯೊಂದನ್ನು ಕಿರುಚಿತ್ರ ಮಾಡೋಣ ಅಂದ ಕೂಡಲೇ ನಾವು ಹುಡುಕುವುದು ಪಾಳುಬಂಗಲೆ, ಹೊಗೆ, ಬಿಳಿಸೀರೆ. ಆದರೆ ಗಾಥಿಕ್ ಕಥೆಯ ಭಯ ಇರುವುದು ಬಂಗಲೆಯಲ್ಲಲ್ಲ, ಮನೆತನ ಮುಚ್ಚಿಟ್ಟ ತಪ್ಪಿನಲ್ಲಿ.

ಎಡ್ಗರ್ ಅಲನ್ ಪೋ 1839ರಲ್ಲಿ ಪ್ರಕಟಿಸಿದ ‘ದಿ ಫಾಲ್ ಆಫ್ ದಿ ಹೌಸ್ ಆಫ್ ಅಶರ್’ ನೋಡಿ. ವಂಶದಲ್ಲಿ ಉಳಿದವರು ಅವಳಿ ಅಣ್ಣ-ತಂಗಿ ಇಬ್ಬರೇ. ತಂಗಿ ಸತ್ತಳೆಂದು ಅಣ್ಣ ಅವಳನ್ನು ನೆಲಮಾಳಿಗೆಯಲ್ಲಿಡುತ್ತಾನೆ. ಒಳಗಿಂದ ಸದ್ದು ಕೇಳಿದರೂ ದಿನಗಟ್ಟಲೆ ಬಾಯಿ ಬಿಡಲ್ಲ. ಕೊನೆಗೆ ಅವಳು ಎದ್ದು ಬರುತ್ತಾಳೆ. ಮನೆ ಸೀಳಿ ಎದುರಿನ ಕೊಳಕ್ಕೆ ಕುಸಿಯುತ್ತದೆ.

1928ರಲ್ಲಿ ಝಾನ್ ಎಪ್ಸ್ಟೈನ್ ಫ್ರಾನ್ಸಿನಲ್ಲಿ ಈ ತಂಗಿಯನ್ನು ಹೆಂಡತಿಯಾಗಿಸಿದರು. ಅದೇ ವರ್ಷ ಅಮೆರಿಕದ ವಾಟ್ಸನ್ ಮತ್ತು ವೆಬರ್ ಸುಮಾರು 13 ನಿಮಿಷದಲ್ಲಿ, ಬೆಳಕು-ನೆರಳಿನಲ್ಲೇ ಕಥೆ ಮುಗಿಸಿದರು. 1980ರಲ್ಲಿ ಜೆಕ್ ನಿರ್ದೇಶಕ ಯಾನ್ ಶ್ವಾಂಕ್‌ಮಾಯರ್ ನಟರನ್ನೇ ಕೈಬಿಟ್ಟರು. ಕಥೆಯ ಜೀವ ಉಳಿಸಿ ಉಳಿದದ್ದನ್ನು ಬದಲಿಸುವುದೇ ರೂಪಾಂತರ.

ಇದನ್ನು ಹೊಸದುರ್ಗ ತಾಲ್ಲೂಕಿನ ಹಾಲುರಾಮೇಶ್ವರದ ಕಡೆ ತಂದರೆ? ಅಲ್ಲಿನ ಗಂಗಮ್ಮನ ಕೊಳದ ಮುಂದೆ ಭಕ್ತರು ಪ್ರಸಾದಕ್ಕಾಗಿ ಕಾದು ಕೂರುತ್ತಾರೆ. ಈ ಬಯಲುಸೀಮೆಯಲ್ಲಿ ನೀರು ಅಂದ್ರೆ ಭರವಸೆ. ಪೋ ಬರೆದ ಕರಿಕೊಳವನ್ನು ಹಾಗೇ ತಂದಿಟ್ಟರೆ ಯಾರೂ ಹೆದರಲ್ಲ.

ಇಲ್ಲಿನ ಭಯ ಮನೆಯೊಳಗಿದೆ. ಹಿಂದೂ ಅವಿಭಕ್ತ ಕುಟುಂಬದ ಆಸ್ತಿಯಲ್ಲಿ ಹೆಣ್ಣುಮಕ್ಕಳಿಗೆ ಸಮಪಾಲು ಕೊಡುವ ತಿದ್ದುಪಡಿಯನ್ನು ಕರ್ನಾಟಕ 1994ರಲ್ಲೇ ತಂದಿತು. ಅದಕ್ಕೂ ಮೊದಲು ಮದುವೆಯಾದವರು ಹೊರಗುಳಿದಿದ್ದರು. 2005ರ ಕೇಂದ್ರ ತಿದ್ದುಪಡಿ ಅವರನ್ನೂ ಸೇರಿಸಿತು. ಆದರೂ ‘ತವರು ಬೇಕಾ, ಪಾಲು ಬೇಕಾ’ ಅಂತ ಕೇಳಿ ಹಕ್ಕು ಬಿಡುಗಡೆ ಪತ್ರಕ್ಕೆ ಸಹಿ ಹಾಕಿಸುವ ಅಣ್ಣಂದಿರಿದ್ದಾರೆ. ಬದುಕಿರುವವಳನ್ನು ಸತ್ತವರ ಲೆಕ್ಕಕ್ಕೆ ಸೇರಿಸುವುದು ಅಂದ್ರೆ ಇದೇ ಅಲ್ವಾ?

ಹಾಗಾಗಿ ನೆಲಮಾಳಿಗೆಯ ಬದಲು ಕಾಳು ತುಂಬಿಡುವ ಹಗೇವು ಇರಲಿ. ಸಹಿ ಬಿದ್ದ ರಾತ್ರಿಯಿಂದ ಅದರೊಳಗೆ ಸದ್ದು ಕೇಳಲಿ. ಹತ್ತು ನಿಮಿಷದ ಚಿತ್ರಕ್ಕೆ ಒಂದು ಮನೆ, ಇಬ್ಬರು ನಟರು, ಒಳ್ಳೆಯ ಶಬ್ದಗ್ರಹಣ ಸಾಕು.

ಹಕ್ಕುಸ್ವಾಮ್ಯದ ತಕರಾರಿಲ್ಲ. ನಮ್ಮ ಕಾಯ್ದೆಯಲ್ಲಿ ಅದು ಲೇಖಕರು ತೀರಿಕೊಂಡು 60 ವರ್ಷದವರೆಗೆ. ಪೋ ತೀರಿಕೊಂಡಿದ್ದು 1849ರಲ್ಲಿ. ಆದರೆ ಇತ್ತೀಚಿನ ಕನ್ನಡ ಅನುವಾದ ಬಳಸಿದರೆ ಅನುವಾದಕರ ಅನುಮತಿ ಬೇಕು.

ನಮ್ಮ ಎಷ್ಟೋ ಹಾರರ್ ಸಿನಿಮಾಗಳಲ್ಲಿ ವಾಪಸ್ ಬರುವ ಹೆಣ್ಣು ದೆವ್ವ, ಅವಳನ್ನು ಓಡಿಸುವ ಗಂಡಸು ಹೀರೋ. ಪೋ ಕಥೆಯಲ್ಲಿ ಅವಳನ್ನು ಓಡಿಸಲು ಮಂತ್ರವಾದಿ ಬರಲ್ಲ. ಬೀಳುವುದು ಮನೆ. ಅದೊಂದನ್ನು ಮಾತ್ರ ಬದಲಿಸಬೇಡಿ.