ಅಂಗಡಿ ಖಾಲಿ ಮಾಡಿ ಅಂದರೆ ಮಾಡಲೇಬೇಕಾ? ಮಂಗಳೂರು, ಕಾಸರಗೋಡು, ಸಿರುಮುಗೈ: ಮೂರು ಕಡೆ ಮೂರು ಕಾನೂನು

"ಮುಂದಿನ ತಿಂಗಳು ಅಂಗಡಿ ಬಿಟ್ಟುಕೊಡಿ." ಮಾಲಕರ ಈ ಒಂದು ಫೋನ್ ಕಾಲ್ ಸಾಕು, ಸಾಲ ಮಾಡಿ ಇಂಟೀರಿಯರ್ ಮಾಡಿಸಿದ ಯುವಕನ ನಿದ್ದೆ ಹೋಗುತ್ತದೆ. ಅತ್ತ ಮಾಲಕರದ್ದೂ ಸಂಕಟವೇ. ಗಲ್ಫ್‌ನಲ್ಲಿ ದುಡಿದು ಕಟ್ಟಿಸಿದ ನಾಲ್ಕು ಕೋಣೆಯಲ್ಲಿ ಒಂದನ್ನು ಸ್ವಂತ ಮಗನಿಗೆ ಕೊಡೋಣವೆಂದರೆ ಬಾಡಿಗೆದಾರ ಏಳುವುದಿಲ್ಲ.

ಯಾರದು ಸರಿ? ಅಂಗಡಿ ಯಾವ ರಾಜ್ಯದಲ್ಲಿದೆ ಎಂಬುದರ ಮೇಲೆ ಉತ್ತರ ಬದಲಾಗುತ್ತದೆ.

ಕರ್ನಾಟಕದ 1999ರ ಬಾಡಿಗೆ ಕಾಯ್ದೆ 14 ಚದರ ಮೀಟರ್ ಮೀರಿದ, ಅಂದರೆ ಸುಮಾರು 150 ಚದರಡಿಗಿಂತ ದೊಡ್ಡ ವ್ಯಾಪಾರ ಮಳಿಗೆಗೆ ಅನ್ವಯಿಸುವುದೇ ಇಲ್ಲ. ಹಾಗಾಗಿ ಮಂಗಳೂರಿನ ಹೆಚ್ಚಿನ ಅಂಗಡಿಗಳು 1882ರ ಸ್ವತ್ತು ವರ್ಗಾವಣೆ ಕಾಯ್ದೆಯಡಿ ಬರುತ್ತವೆ. ಅಲ್ಲಿ ಕರಾರಿನ ಅವಧಿ ಮುಗಿದರೆ ಲೀಸ್ ತಾನಾಗಿಯೇ ಮುಗಿಯಿತು. ಮುಗಿದ ಮೇಲೂ ಮಾಲಕರು ಒಪ್ಪಿ ಬಾಡಿಗೆ ತೆಗೆದುಕೊಳ್ಳುತ್ತಾ ಬಂದರೆ ಅದು ಸಾಮಾನ್ಯವಾಗಿ ತಿಂಗಳ ಬಾಡಿಗೆಯಾಗುತ್ತದೆ. ಅದನ್ನು ಕೊನೆಗೊಳಿಸಲು 15 ದಿನಗಳ ಲಿಖಿತ ನೋಟಿಸ್ ಸಾಕು. ಕಾರಣ ಹೇಳಬೇಕೆಂದೂ ಇಲ್ಲ!

ನಮ್ಮವರು ಹೆಚ್ಚಾಗಿ ಎಡವುವುದು ಇಲ್ಲಿಯೇ. ಮೂರು ವರ್ಷ, ಐದು ವರ್ಷ ಎಂದು ಸ್ಟಾಂಪ್ ಪೇಪರಿನಲ್ಲಿ ಬರೆಸಿ ನೋಟರಿ ಸೀಲ್ ಹಾಕಿಸಿ ನೆಮ್ಮದಿಯಾಗಿರುತ್ತಾರೆ. ಒಂದು ವರ್ಷ ಮೀರಿದ ಲೀಸ್ ಉಪನೋಂದಣಿ ಕಚೇರಿಯಲ್ಲಿ ರಿಜಿಸ್ಟರ್ ಆಗಲೇಬೇಕು, ನೋಟರಿ ಸೀಲ್ ಅದಕ್ಕೆ ಬದಲಿಯಲ್ಲ. ರಿಜಿಸ್ಟರ್ ಆಗದಿದ್ದರೂ ಬಾಡಿಗೆ ಸಂಬಂಧವೇನೋ ಇರುತ್ತದೆ, ಆದರೆ ಅದು ತಿಂಗಳ ಲೆಕ್ಕದ್ದು ಎಂದು ಸುಪ್ರೀಂ ಕೋರ್ಟ್ 2000ರಲ್ಲಿ ಆಂಟನಿ ವಿರುದ್ಧ ಕೆ.ಸಿ. ಇಟ್ಟೂಪ್ ಪ್ರಕರಣದಲ್ಲಿ ಹೇಳಿದೆ. ಐದು ವರ್ಷದ ಭರವಸೆಯಲ್ಲಿ ಲಕ್ಷಗಟ್ಟಲೆ ಸುರಿದವನ ಕೈಯಲ್ಲಿರುವುದು 15 ದಿನ.

ತಲಪಾಡಿ ದಾಟಿದರೆ ಕಥೆ ಬೇರೆ. ಕಾಸರಗೋಡಿನಲ್ಲಿ ಕೇರಳದ 1965ರ ಬಾಡಿಗೆ ನಿಯಂತ್ರಣ ಕಾಯ್ದೆ ಜಾರಿಯಲ್ಲಿರುವ ಪ್ರದೇಶದಲ್ಲಿ ಅವಧಿ ಮುಗಿಯಿತೆಂದ ಮಾತ್ರಕ್ಕೆ ಎಬ್ಬಿಸಲಾಗದು. ಬಾಕಿ ಬಾಡಿಗೆ, ಸ್ವಂತ ಬಳಕೆಯ ನಿಜವಾದ ಅಗತ್ಯ ಮುಂತಾದ ಕಾರಣ ತೋರಿಸಬೇಕು. ಸ್ವಂತಕ್ಕೆ ಬೇಕೆಂದು ಮಾಲಕರು ಹೇಳಿದಾಗ, ತನ್ನ ಜೀವನೋಪಾಯ ಮುಖ್ಯವಾಗಿ ಈ ವ್ಯಾಪಾರದಿಂದಲೇ, ಆಸುಪಾಸಿನಲ್ಲಿ ಬೇರೆ ಸೂಕ್ತ ಕಟ್ಟಡ ಇಲ್ಲ ಎಂದು ಬಾಡಿಗೆದಾರ ತೋರಿಸಿದರೆ ರಕ್ಷಣೆ ಇದೆ. ಒಂದಲ್ಲ, ಎರಡನ್ನೂ ತೋರಿಸಬೇಕು.

ಇನ್ನು ಸಿರುಮುಗೈ. ಕೊಯಮತ್ತೂರು ಜಿಲ್ಲೆಯಲ್ಲಿ ಮೇಟ್ಟುಪಾಳ್ಯಂ ಹತ್ತಿರದ ಈ ರೇಷ್ಮೆ ಸೀರೆಯ ಊರಲ್ಲಿ ಕನ್ನಡ ಮಾತನಾಡುವ ದೇವಾಂಗ ನೇಕಾರರಿದ್ದಾರೆ. ಆ ಕಡೆ ಅಂಗಡಿ ಹಾಕುವವರು ತಿಳಿದಿರಬೇಕಾದದ್ದು ತಮಿಳುನಾಡಿನ 2017ರ ಹೊಸ ಕಾಯ್ದೆ. 1960ರ ಹಳೆಯ ಕಾನೂನನ್ನು ತೆಗೆದು ಇದು 2019ರ ಫೆಬ್ರವರಿ 22ರಂದು ಜಾರಿಗೆ ಬಂತು. ಬಾಯಿಮಾತಿನ ಬಾಡಿಗೆಗೆ ಇಲ್ಲಿ ಜಾಗವಿಲ್ಲ, ಲಿಖಿತ ಕರಾರು ಮಾಡಿ ಬಾಡಿಗೆ ಪ್ರಾಧಿಕಾರದಲ್ಲಿ ದಾಖಲಿಸಬೇಕು. ಎರಡು ತಿಂಗಳು ಬಾಡಿಗೆ ಬಾಕಿಯಾದರೆ ಅದೇ ತೆರವಿಗೆ ಕಾರಣ. ನೋಟಿಸ್ ತಲುಪಿದ ಒಂದು ತಿಂಗಳೊಳಗೆ ಬಡ್ಡಿ ಸಮೇತ ಕಟ್ಟಿದರೆ ಬಚಾವ್.

ಮೂರೂ ಕಡೆ ಒಂದು ವಿಷಯ ಸಮಾನ. ರಾತ್ರೋರಾತ್ರಿ ಶಟರಿಗೆ ಬೀಗ ಹಾಕುವ, ಕರೆಂಟ್ ಕಡಿಸುವ ಅಧಿಕಾರ ಮಾಲಕರಿಗಿಲ್ಲ. ಹಾಗೆ ಹೊರಹಾಕಿದರೆ 1963ರ ನಿರ್ದಿಷ್ಟ ಪರಿಹಾರ ಕಾಯ್ದೆಯ 6ನೇ ಸೆಕ್ಷನ್‌ನಡಿ ಆರು ತಿಂಗಳೊಳಗೆ ದಾವೆ ಹೂಡಬಹುದು. ಹಾಗಂತ ಬಾಡಿಗೆದಾರರು "ಕೋರ್ಟಿಗೆ ಹೋಗಲಿ, ಹತ್ತು ವರ್ಷ ಎಳೆಯೋಣ" ಎಂದು ಕೂರುವುದೂ ಈಗ ದುಬಾರಿ. ತೆರವಿನ ಆದೇಶದ ಬಳಿಕ ಅಪೀಲು ಹಾಕಿ ಅಲ್ಲೇ ಕೂತವರಿಂದ ಮಾರುಕಟ್ಟೆ ದರದಲ್ಲಿ ಹಣ ವಸೂಲಿಗೆ ಸುಪ್ರೀಂ ಕೋರ್ಟ್ 2004ರ ಆತ್ಮಾ ರಾಮ್ ಪ್ರಾಪರ್ಟೀಸ್ ತೀರ್ಪಿನಲ್ಲಿ ದಾರಿ ಮಾಡಿಕೊಟ್ಟಿದೆ. ಹಳೆ ಬಾಡಿಗೆ ಎರಡು ಸಾವಿರ ಇದ್ದರೂ ಲೆಕ್ಕ ಇಂದಿನ ರೇಟಿನದ್ದು.

ಜಮಾಅತಿನ ಹಿರಿಯರನ್ನು ಕೂರಿಸಿ ಮಾತಾಡಿಸುವುದು ಒಳ್ಳೆಯದೇ. ಆದರೆ ತೀರ್ಮಾನವನ್ನು ಬಿಡುವ ದಿನಾಂಕ, ಅಡ್ವಾನ್ಸ್ ವಾಪಸ್ ಸಮೇತ ಬರೆದು ಇಬ್ಬರೂ ಸಹಿ ಹಾಕಿ. ಬಾಡಿಗೆ ಬ್ಯಾಂಕಿನ ಮೂಲಕವೇ ಕೊಡಿ. ಬೀಗದ ಕೈ ಕೊಡುವ ದಿನ ಮೀಟರಿನ ಫೋಟೋ ತೆಗೆದು, ಕೀ ಪಡೆದೆ ಎಂದು ಮಾಲಕರಿಂದ ಬರೆಸಿಕೊಳ್ಳಿ. ಅಡ್ವಾನ್ಸ್ ಜಗಳ ಹುಟ್ಟುವುದೇ ಆ ಒಂದು ಚೀಟಿ ಇಲ್ಲದಾಗ.