ಆಧಾರಕ್ಕೆ ಆಧಾರ ಯಾವುದು?



ಆಡಿದ ಮಾತಿಗೆ ಆಧಾರ ಬೇಕು ಎಂಬುದು ಹಿರಿಯರು ಹಾಕಿಕೊಟ್ಟ ಪದ್ಧತಿ. ಪಂಚಾಯತಿ ಕಟ್ಟೆಯ ಮೇಲೆ ಕುಳಿತ ಯಜಮಾನರು ದೂರು ತಂದವನನ್ನು ಮೊದಲು ಕೇಳುವುದು, ‘ಇದಕ್ಕೆ ಸಾಕ್ಷಿ ಯಾರಪ್ಪಾ?’ ಎಂದು. ಸಾಕ್ಷಿದಾರ ಬಂದು ನಿಂತರೆ, ‘ನೀನು ಕಣ್ಣಾರೆ ಕಂಡೆಯೋ, ಯಾರಾದರೂ ಹೇಳಿದ್ದು ಕೇಳಿದೆಯೋ?’ ಎಂಬ ಎರಡನೆಯ ಪ್ರಶ್ನೆ. ‘ಅವರು ಹೇಳಿದರು’ ಎಂದರೆ ಅವರನ್ನು ಕರೆಸಬೇಕು. ಅವರಿಗೂ ಮತ್ತೊಬ್ಬರು ಹೇಳಿದ್ದರೆ ಆ ಮತ್ತೊಬ್ಬರನ್ನೂ ಕರೆಸಬೇಕು. ಹೀಗೆ ಹುಡುಕುತ್ತಾ ಹೋದರೆ ಎಲ್ಲಿ ನಿಲ್ಲಬೇಕು? ಎಲ್ಲಿಯೂ ನಿಲ್ಲದಿದ್ದರೆ ನ್ಯಾಯ ಹೇಳುವುದಾದರೂ ಹೇಗೆ?

ಈ ಪ್ರಶ್ನೆಯನ್ನು ನಮ್ಮ ದೇಶದ ಶಾಸ್ತ್ರಕಾರರು ಎರಡು ಸಾವಿರ ವರ್ಷಗಳಿಂದ ಚರ್ಚಿಸುತ್ತಾ ಬಂದಿದ್ದಾರೆ. ಅವರು ಇದಕ್ಕೆ ಇಟ್ಟ ಹೆಸರು ‘ಅನವಸ್ಥಾ ದೋಷ’. ನೆಲೆ ನಿಲ್ಲುವುದು ಅವಸ್ಥೆ. ನೆಲೆ ನಿಲ್ಲದೆ ಓಡುತ್ತಲೇ ಇರುವುದು ಅನವಸ್ಥೆ.

ಮೊಮ್ಮಕ್ಕಳನ್ನು ಆಡಿಸಿದವರಿಗೆ ಇದು ಹೊಸದೇನೂ ಅಲ್ಲ. ‘ತಾತಾ, ಭೂಮೀನ ಯಾರು ಹೊತ್ತಾರ?’ ಎಂದು ಮಗು ಕೇಳುತ್ತದೆ. ‘ಆದಿಶೇಷ ಹೊತ್ತಾನಪ್ಪಾ’ ಎನ್ನುತ್ತೇವೆ. ‘ಆದಿಶೇಷನ್ನ ಯಾರು ಹೊತ್ತಾರ?’ ‘ಕೂರ್ಮ’. ‘ಕೂರ್ಮದ ಕೆಳಗ ಯಾರದಾರ?’ ಇಲ್ಲಿಗೆ ತಾತನ ಉತ್ತರ ಮುಗಿಯುತ್ತದೆ. ‘ಸುಮ್ಮನ ಕುಂದ್ರು’ ಎಂಬ ಗದರಿಕೆ ಶುರುವಾಗುತ್ತದೆ.

ಆದರೆ ಇದೇ ಪ್ರಶ್ನೆಯನ್ನು ಹನ್ನೆರಡನೆಯ ಶತಮಾನದ ಮಹಾಗಣಿತಜ್ಞ ಭಾಸ್ಕರಾಚಾರ್ಯರು ಗದರಿಸದೆ ಎದುರಿಸಿದರು. ಅವರು 1150ರಲ್ಲಿ ರಚಿಸಿದ ‘ಸಿದ್ಧಾಂತ ಶಿರೋಮಣಿ’ಯ ಗೋಲಾಧ್ಯಾಯದಲ್ಲಿ ಈ ವಿಚಾರವಿದೆ. ಅವರ ವಾದದ ಸಾರ ಇಷ್ಟು: ಭೂಮಿಯನ್ನು ಹೊರಲು ಒಂದು ವಸ್ತು ಬೇಕೆಂದರೆ ಆ ವಸ್ತುವನ್ನು ಹೊರಲು ಇನ್ನೊಂದು ಬೇಕು, ಅದಕ್ಕೆ ಮತ್ತೊಂದು, ಇದು ಅನವಸ್ಥೆ. ಕೊನೆಗೆ ಯಾವುದೋ ಒಂದು ತನ್ನ ಸ್ವಶಕ್ತಿಯಿಂದಲೇ ನಿಂತಿದೆ ಎಂದು ಒಪ್ಪಲೇಬೇಕಲ್ಲ? ಹಾಗಿದ್ದರೆ ಆ ಶಕ್ತಿ ಮೊದಲಿಗೆ ಭೂಮಿಗೇ ಇದೆ ಎಂದು ಏಕೆ ಒಪ್ಪಬಾರದು? ಕಲ್ಯಾಣದಲ್ಲಿ ಶರಣರ ಚಳವಳಿ ನಡೆದ ಶತಮಾನದಲ್ಲೇ ಒಬ್ಬ ಗಣಿತಜ್ಞರು ಇಷ್ಟು ನಿರ್ಭಯವಾಗಿ ಕೇಳಿದರು ಎಂಬುದು ನಾವು ಹೆಮ್ಮೆಪಡುವ ಸಂಗತಿ.

ಆಧಾರ ಹುಡುಕುತ್ತಾ ಹೊರಟವನಿಗೆ ಮೂರು ದಾರಿಗಳು ಎದುರಾಗುತ್ತವೆ. ಒಂದು, ಕೊನೆಯಿಲ್ಲದೆ ಹೋಗುತ್ತಲೇ ಇರುವುದು; ಅದು ಅನವಸ್ಥೆ. ಎರಡು, ಸುತ್ತಿಕೊಂಡು ಹೊರಟಲ್ಲಿಗೇ ಬರುವುದು. ರಾಮನಿಗೆ ಭೀಮ ಸಾಕ್ಷಿ, ಭೀಮನಿಗೆ ರಾಮ ಸಾಕ್ಷಿ ಎಂಬಂತಾದರೆ ಅದು ಅನ್ಯೋನ್ಯಾಶ್ರಯ. ನಡುವೆ ಮೂರನೆಯವನು ಸೇರಿದರೆ ಚಕ್ರಕ. ‘ನಾನೇ ನನಗೆ ಸಾಕ್ಷಿ’ ಎಂದರೆ ಆತ್ಮಾಶ್ರಯ. ಮೂರು, ‘ಇನ್ನು ಮುಂದೆ ಕೇಳಬೇಡ’ ಎಂದು ಒಂದು ಕಡೆ ಗೂಟ ಹೊಡೆದು ನಿಲ್ಲುವುದು. ಗ್ರೀಕ್ ದೇಶದ ಸಂದೇಹವಾದಿಗಳೂ ಇವೇ ಮೂರನ್ನು ಎಣಿಸಿ, ಮೂರರಲ್ಲೂ ಸಮಾಧಾನವಿಲ್ಲ, ಆದ್ದರಿಂದ ಯಾವುದನ್ನೂ ಖಚಿತವಾಗಿ ಹೇಳಬಾರದು ಎಂದರು. ಅವರಿಗಿಂತ ಮೊದಲೇ ಅರಿಸ್ಟಾಟಲನು, ಎಲ್ಲಕ್ಕೂ ರುಜುವಾತು ಕೇಳುವುದು ಸಾಧ್ಯವಿಲ್ಲ, ರುಜುವಾತು ಬೇಡದ ಕೆಲವು ಮೂಲತತ್ವಗಳಿವೆ ಎಂದು ವಾದಿಸಿದ್ದನು.

ಕೊನೆಯಿಲ್ಲದ್ದೆಲ್ಲವೂ ದೋಷವೇ? ಅಲ್ಲ. ಬೀಜದಿಂದ ಗಿಡ, ಗಿಡದಿಂದ ಬೀಜ. ಯಾವುದು ಮೊದಲು ಎಂದು ಹೇಳಲಾಗದು. ಆದರೂ ಬಿತ್ತಿದ ಜೋಳ ಮೊಳೆಯುವುದನ್ನು ಇದು ತಡೆಯುವುದಿಲ್ಲ. ಇದನ್ನು ‘ಬೀಜಾಂಕುರ ನ್ಯಾಯ’ ಎನ್ನುತ್ತಾರೆ. ನಮ್ಮ ಗುರುಪರಂಪರೆಯೂ ಹೀಗೆಯೇ. ಗುರುವಿಗೊಬ್ಬ ಗುರು, ಆ ಗುರುವಿಗೊಬ್ಬ ಗುರು. ಸರಪಳಿ ಎಷ್ಟು ಉದ್ದವಾದರೂ ಹಾನಿಯಿಲ್ಲ. ಯಾವ ಅನವಸ್ಥೆ ಬೇರಿಗೇ ಕೊಡಲಿ ಹಾಕಿ, ಕೈಯಲ್ಲಿರುವ ಮಾತೇ ಸಿದ್ಧವಾಗದಂತೆ ಮಾಡುತ್ತದೋ ಅದು ಮಾತ್ರ ದೋಷ ಎಂದು ಶಾಸ್ತ್ರಜ್ಞರು ವಿವೇಕದಿಂದ ಬೇರ್ಪಡಿಸಿದ್ದಾರೆ.

ಬೌದ್ಧ ಪಂಡಿತ ನಾಗಾರ್ಜುನನು ನೈಯಾಯಿಕರಿಗೆ ಹಾಕಿದ ಸವಾಲು ಇದೇ ಬಗೆಯದು. ‘ವಸ್ತುವನ್ನು ಪ್ರಮಾಣದಿಂದ ತಿಳಿಯುತ್ತೀರಿ, ಸರಿ. ಪ್ರಮಾಣವನ್ನು ಯಾವುದರಿಂದ ತಿಳಿದಿರಿ? ಬೇರೆ ಪ್ರಮಾಣದಿಂದ ಎಂದರೆ ಅನವಸ್ಥೆ’ ಎಂದನು. ಗೌತಮರ ನ್ಯಾಯಸೂತ್ರದಲ್ಲಿ ಈ ಬಗೆಯ ಆಕ್ಷೇಪಕ್ಕೆ ತಕ್ಕಡಿಯ ದೃಷ್ಟಾಂತವಿದೆ. ತಕ್ಕಡಿಯಿಂದ ಬಂಗಾರ ತೂಗುತ್ತೇವೆ. ತಕ್ಕಡಿಯ ಮೇಲೆಯೇ ಅನುಮಾನ ಬಂದ ದಿನ, ತೂಕ ಗೊತ್ತಿರುವ ಬಂಗಾರವನ್ನಿಟ್ಟು ತಕ್ಕಡಿಯನ್ನೇ ಪರೀಕ್ಷಿಸುತ್ತೇವೆ. ಅನುಮಾನ ಬಂದದ್ದನ್ನು ಅನುಮಾನ ಬಾರದ್ದರಿಂದ ಪರೀಕ್ಷಿಸಬೇಕು. ಎಲ್ಲವನ್ನೂ ಒಂದೇ ಗಳಿಗೆಯಲ್ಲಿ ಅನುಮಾನಿಸುವವನು ಏನನ್ನೂ ತೂಗಲಾರ.

ಸಿಂಧನೂರಿನ ಭತ್ತವಾಗಲಿ, ಲಿಂಗಸುಗೂರು ಸೀಮೆಯ ತೊಗರಿಯಾಗಲಿ, ಮಾರಲು ಒಯ್ದವರಿಗೆ ಈ ದೃಷ್ಟಾಂತ ಚೆನ್ನಾಗಿ ತಿಳಿಯುತ್ತದೆ. ವ್ಯಾಪಾರಿಯ ತೂಕದ ಕಲ್ಲಿಗೆ ಮುದ್ರೆ ಬೇಕು. ಮುದ್ರೆ ಹಾಕುವ ಇನ್ಸ್‌ಪೆಕ್ಟರ ಬಳಿ ಇರುವ ತೂಕವನ್ನು ಅದಕ್ಕಿಂತ ಮೇಲಿನ ತೂಕಕ್ಕೆ ಹೋಲಿಸುತ್ತಾರೆ. ಹಾಗೆಯೇ ಏರುತ್ತಾ ಹೋದರೆ ದೆಹಲಿಯ ರಾಷ್ಟ್ರೀಯ ಭೌತ ಪ್ರಯೋಗಾಲಯಕ್ಕೆ ತಲುಪುತ್ತೇವೆ. ಅದಕ್ಕೂ ಮೇಲೆ, ಪ್ಯಾರಿಸ್ ಹತ್ತಿರದ ಸೆವ್ರ್ ಎಂಬಲ್ಲಿ 1889ರಿಂದ ಕಾಪಾಡಿಕೊಂಡು ಬಂದ ಪ್ಲಾಟಿನಂ-ಇರಿಡಿಯಂ ಮಿಶ್ರಲೋಹದ ಒಂದು ಉರುಳೆ ಇತ್ತು. ಜಗತ್ತಿನ ಕಿಲೋಗೆಲ್ಲ ಅದೇ ತಾಯಿ. ಅದರ ತೂಕ ನಿಜವಾಗಿ ಒಂದು ಕಿಲೋ ಹೌದೋ ಅಲ್ಲವೋ ಎಂದು ಕೇಳುವಂತಿರಲಿಲ್ಲ. ಅದು ಎಷ್ಟಿತ್ತೋ ಅಷ್ಟೇ ಕಿಲೋ.

ಆದರೆ ಏನಾಯಿತು ನೋಡಿ. ನೂರು ವರ್ಷಗಳ ನಂತರ ಅದರ ಜೊತೆಗೇ ತಯಾರಾದ ಪ್ರತಿಗಳೊಂದಿಗೆ ಹೋಲಿಸಿದಾಗ ಸುಮಾರು 50 ಮೈಕ್ರೋಗ್ರಾಂನಷ್ಟು ಅಂತರ ಕಂಡಿತು. ಉರುಳೆ ಹಗುರಾಯಿತೋ, ಪ್ರತಿಗಳು ಭಾರವಾದವೋ ಹೇಳುವವರಿಲ್ಲ. ಕೊನೆಗೆ 2019ರ ಮೇ 20ರಿಂದ ಆ ಉರುಳೆಯನ್ನು ಪೀಠದಿಂದ ಇಳಿಸಿ, ಪ್ಲಾಂಕ್ ಸ್ಥಿರಾಂಕ ಎಂಬ ಪ್ರಕೃತಿಯ ನಿಯತ ಮೌಲ್ಯದ ಮೇಲೆ ಕಿಲೋವನ್ನು ನಿಲ್ಲಿಸಲಾಯಿತು. ಗೂಟ ಹೊಡೆಯುವುದು ತಪ್ಪಲ್ಲ. ಗೂಟ ಅಲುಗಿದಾಗ ಅದನ್ನು ನೋಡಿ ಸರಿಪಡಿಸುವ ಮನಸ್ಸು ಇರಬೇಕು.

ಇದೆಲ್ಲ ಪಂಡಿತರ ಗೊಡವೆ, ನಮಗೇಕೆ ಎನ್ನುವವರು ಒಂದು ಘಟನೆಯನ್ನು ನೆನೆಯಬೇಕು. 2018ರ ಜುಲೈ 13ರಂದು ನಮ್ಮ ಕಲ್ಯಾಣ ಕರ್ನಾಟಕದ ಬೀದರ್ ಜಿಲ್ಲೆಯ ಮುರ್ಕಿ ಗ್ರಾಮದಲ್ಲಿ, ಹೈದರಾಬಾದಿನಿಂದ ಬಂದಿದ್ದ ಒಬ್ಬ ಯುವಕನನ್ನು ಜನ ಹೊಡೆದು ಕೊಂದರು. ಅವನೂ ಗೆಳೆಯರೂ ದಾರಿಯಲ್ಲಿ ಮಕ್ಕಳಿಗೆ ಚಾಕೊಲೇಟು ಕೊಟ್ಟಿದ್ದರು. ‘ಮಕ್ಕಳ ಕಳ್ಳರು ಬಂದಿದ್ದಾರೆ’ ಎಂಬ ಸುದ್ದಿ ವಾಟ್ಸಾಪ್‌ನಲ್ಲಿ ಮೊಬೈಲಿನಿಂದ ಮೊಬೈಲಿಗೆ ಹರಿಯಿತು. ನಿನಗೆ ಯಾರು ಹೇಳಿದರು ಎಂದರೆ ಅವನು. ಅವನಿಗೆ ಯಾರು ಎಂದರೆ ಮತ್ತೊಬ್ಬ. ಆ ಸರಪಳಿಯ ತುದಿಯಲ್ಲಿ ಕಳುವಾದ ಒಂದು ಮಗುವೂ ಇರಲಿಲ್ಲ. ‘ಎಲ್ಲರೂ ಹೇಳುತ್ತಿದ್ದಾರೆ’ ಎಂಬುದೇ ಪ್ರತಿಯೊಬ್ಬನ ಆಧಾರ. ಆ ‘ಎಲ್ಲರೂ’ ಎಂಬುದರಲ್ಲಿ ಅವನೂ ಒಬ್ಬ. ಶಾಸ್ತ್ರಕಾರರು ಚಕ್ರಕ ಎಂದದ್ದು ಇದನ್ನೇ. ಗ್ರಂಥದಲ್ಲಿ ಅದು ತರ್ಕದ ದೋಷ; ಮುರ್ಕಿಯಲ್ಲಿ ಅದು ಒಬ್ಬ ತಾಯಿಯ ಮಗನ ಪ್ರಾಣ.

ಇದಕ್ಕೆ ಎದುರಾಗಿ, ಸರಿಯಾದ ಆಧಾರ ಹೇಗಿರುತ್ತದೆ ಎಂದು ನೋಡಲು ದೂರ ಹೋಗಬೇಕಿಲ್ಲ. ಸಿಂಧನೂರು, ಲಿಂಗಸುಗೂರು, ಮಸ್ಕಿಗಳ ನಡುವಿನ ವಳಕಮದಿನ್ನಿ ಸೀಮೆಯ ಜನರಿಗೆ ಮಸ್ಕಿಯ ಬೆಟ್ಟ ಕಂಡದ್ದೇ ಇದೆ. ‘ದಿನ್ನಿ’ ಎಂದರೆ ಎತ್ತರದ ನೆಲ. ನಮ್ಮ ಊರುಗಳ ಹೆಸರಿನಲ್ಲೇ ನೆಲ ಗಟ್ಟಿಯಾಗಿ ಕೂತಿದೆ. 1837ರಲ್ಲಿ ಜೇಮ್ಸ್ ಪ್ರಿನ್ಸೆಪ್ ಬ್ರಾಹ್ಮೀ ಲಿಪಿಯನ್ನು ಓದಿದಾಗ, ಕಲ್ಲುಕಂಬಗಳ ಮೇಲೆ ಸಿಕ್ಕಿದ್ದು ‘ದೇವರಿಗೆ ಪ್ರಿಯನಾದ ಪ್ರಿಯದರ್ಶಿ’ ಎಂಬ ಅರ್ಥದ ಬಿರುದು ಮಾತ್ರ. ಈ ರಾಜ ಯಾರು? ಅದೇ ವರ್ಷ ಜಾರ್ಜ್ ಟರ್ನರ್ ಎಂಬ ವಿದ್ವಾಂಸನು ಸಿಂಹಳದ ಪಾಳಿ ಗ್ರಂಥದ ಆಧಾರದಿಂದ, ಇವನೇ ಅಶೋಕ ಎಂದನು. ಗ್ರಂಥ ಹೇಳಿತು, ಸರಿ. ಆ ಗ್ರಂಥಕ್ಕೆ ಆಧಾರ? ಅದಕ್ಕೆ ಕಲ್ಲಿನ ಸಾಕ್ಷಿ ದೊರೆಯಲು 78 ವರ್ಷ ಕಾಯಬೇಕಾಯಿತು.

1915ರಲ್ಲಿ, ನಿಜಾಮರ ಆಳ್ವಿಕೆಯ ಕಾಲದಲ್ಲಿ, ಬಂಗಾರದ ಅದಿರು ಹುಡುಕುತ್ತಿದ್ದ ಬೀಡನ್ ಎಂಬ ಎಂಜಿನಿಯರು ಮಸ್ಕಿಯ ಬಂಡೆಯ ಮೇಲೆ ಅಕ್ಷರಗಳನ್ನು ಕಂಡನು. ಅಲ್ಲಿ ಬಿರುದಿನ ಜೊತೆಗೆ ‘ಅಶೋಕ’ ಎಂಬ ಹೆಸರೇ ಕೊರೆದಿತ್ತು. ಬಂಗಾರ ಹುಡುಕಿದವನಿಗೆ ಬಂಗಾರಕ್ಕಿಂತ ಹೆಚ್ಚಿನದು ಸಿಕ್ಕಿತು. ಮುಂದೆ ಮಧ್ಯಪ್ರದೇಶದ ಗುಜರ್ರಾದಲ್ಲಿ, ತುಂಗಭದ್ರೆಯ ಆಚೆ ಬಳ್ಳಾರಿ ಜಿಲ್ಲೆಯ ನಿಟ್ಟೂರು, ಉದೇಗೋಳಗಳಲ್ಲಿಯೂ ಅದೇ ಹೆಸರು ದೊರೆಯಿತು.

ಇಲ್ಲಿ ಗಮನಿಸಬೇಕಾದದ್ದು ಒಂದಿದೆ. ಮುರ್ಕಿಯಲ್ಲಿ ಸಾವಿರ ಬಾಯಿ ಒಂದೇ ಮಾತು ಹೇಳಿದವು; ಆದರೆ ಸಾವಿರವೂ ಒಂದೇ ಬಾಯಿಯ ನಕಲು. ಮಸ್ಕಿಯ ಕಲ್ಲು ಸಿಂಹಳದ ಗ್ರಂಥವನ್ನು ನೋಡಿ ಬರೆದದ್ದಲ್ಲ. ಸಮುದ್ರದಾಚೆಯ ಓಲೆ ಬೇರೆ, ನಮ್ಮ ಬೆಟ್ಟದ ಬಂಡೆ ಬೇರೆ. ಎರಡೂ ಬೇರೆಬೇರೆಯಾಗಿ ನಿಂತು ಒಂದೇ ಹೆಸರು ಹೇಳಿದವು. ಹಂದರದ ಕಂಬಗಳು ಒಂದರ ಮೇಲೊಂದು ಒರಗಿದರೆ ಎಲ್ಲವೂ ಬೀಳುತ್ತವೆ. ಪ್ರತಿಯೊಂದೂ ತನ್ನ ಕುಣಿಯಲ್ಲಿ ಊರಿದ್ದರೆ ಹಂದರ ನಿಲ್ಲುತ್ತದೆ. ಸಾಕ್ಷಿಯೂ ಹಾಗೆಯೇ. ಕೇಳಿದ ಮಾತಿಗಿಂತ ಕಂಡವನ ಮಾತೇ ಸಾಕ್ಷಿ ಎಂಬ ತತ್ವವನ್ನು 1872ರ ಸಾಕ್ಷ್ಯ ಕಾಯ್ದೆ ಹೇಳಿತ್ತು. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ಸಾಕ್ಷ್ಯ ಅಧಿನಿಯಮವೂ ಅದನ್ನು ಉಳಿಸಿಕೊಂಡಿದೆ.

ಹಾಗಾದರೆ ಕೊನೆಯ ನೆಲೆ ಯಾವುದು? ಮೀಮಾಂಸಕರು, ಬಾಧಕ ಬರುವವರೆಗೂ ಜ್ಞಾನವು ತಾನಾಗಿಯೇ ಪ್ರಮಾಣ ಎಂದರು. ನೈಯಾಯಿಕರು, ನೀರೆಂದು ತಿಳಿದು ಹೋದವನ ದಾಹ ತೀರಿದರೆ ಆ ತಿಳಿವು ಸತ್ಯ ಎಂದರು. ಉದಯನಾಚಾರ್ಯರು, ಸಂಶಯಕ್ಕೂ ಒಂದು ಎಲ್ಲೆಯಿದೆ, ನಡತೆಯಲ್ಲಿ ನಂಬಿ ಮಾತಿನಲ್ಲಿ ಸಂಶಯಿಸುವುದು ವಿರೋಧವೆಂದರು. ಹೊಗೆ ಬೇಕೆಂದಾಗ ಬೆಂಕಿ ಹೊತ್ತಿಸುವವನು, ಹೊಗೆಗೂ ಬೆಂಕಿಗೂ ಸಂಬಂಧವಿದೆಯೋ ಇಲ್ಲವೋ ಎಂದು ವಾದಿಸಬಾರದಲ್ಲ! ಕನ್ನಡ ನಾಡಿನವರೇ ಆದ ಮಧ್ವಾಚಾರ್ಯರ ಪರಂಪರೆಯು, ಅನವಸ್ಥೆ ನಿಲ್ಲುವ ನೆಲೆ ಒಳಗಿನ ‘ಸಾಕ್ಷಿ’ಯೇ ಎಂದಿತು.

ಶರಣರು ಹಿಡಿದ ನೆಲೆ ಅನುಭಾವ. ಅದನ್ನೂ ಅವರು ಪ್ರಶ್ನೆಗೆ ಹೊರತಾಗಿಡಲಿಲ್ಲ. ಶೂನ್ಯಸಂಪಾದನೆಯಲ್ಲಿ ಅಲ್ಲಮಪ್ರಭುಗಳು ಅಕ್ಕಮಹಾದೇವಿಯನ್ನೂ ಸಿದ್ಧರಾಮರನ್ನೂ ಬಿಡದೆ ಪರೀಕ್ಷಿಸುತ್ತಾರೆ. ಕೇಳಿದ್ದರಿಂದ ಅಕ್ಕನ ಭಕ್ತಿ ಕುಂದಲಿಲ್ಲ, ಬೆಳಗಿತು. ಗಟ್ಟಿಯಾದ ನೆಲಕ್ಕೆ ಹಾರೆಯ ಭಯವಿಲ್ಲ.

ಆದ್ದರಿಂದ ಹಿರಿಯರಲ್ಲಿ ನಮ್ಮ ಅರಿಕೆ ಇಷ್ಟೇ. ಊರಿಗೆ ಒಂದು ಸುದ್ದಿ ಬಂದಾಗ, ಯಾರದೋ ಮೇಲೆ ಒಂದು ಅಪವಾದ ಬಂದಾಗ, ಮೂರು ಪ್ರಶ್ನೆ ಕೇಳಿರಿ. ಕಂಡವರು ಯಾರು? ಹೇಳುವವರೆಲ್ಲರೂ ಬೇರೆಬೇರೆಯಾಗಿ ಕಂಡವರೋ, ಒಬ್ಬನಿಂದಲೇ ಕೇಳಿದವರೋ? ನಂಬಿ ನಡೆದು ಅದು ಸುಳ್ಳಾದರೆ ಕೆಡುವವರು ಯಾರು? ಮೂರನೆಯದಕ್ಕೆ ‘ಒಂದು ಜೀವ’ ಎಂಬ ಉತ್ತರ ಬಂದರೆ, ಮೊದಲಿನ ಎರಡಕ್ಕೆ ಉತ್ತರ ಸಿಗುವವರೆಗೆ ಕೈ ತಡೆಯಿರಿ, ಯುವಕರ ಕೈಯನ್ನೂ ತಡೆಯಿರಿ. ಕಟ್ಟೆಯ ಮೇಲೆ ಕುಳಿತ ಒಬ್ಬ ಯಜಮಾನ ಎದ್ದು ‘ನಿಲ್ಲಿರಪ್ಪಾ, ಕಂಡವರು ಯಾರು?’ ಎಂದು ಕೇಳಿದರೆ ನೂರು ಜನರ ಓಟ ನಿಲ್ಲುತ್ತದೆ. ದಯೆಯೇ ಧರ್ಮದ ಬೇರು ಎಂದು ನಂಬಿದ ನಾಡಿನಲ್ಲಿ ಆ ಒಂದು ಮಾತು ಕೇಳುವುದೂ ಶಿವಪೂಜೆಯೇ.