ಕಥೆಯ ವಿಧವೆ ತಾನೇ ಎದ್ದು ಲೇಖನಿ ಹಿಡಿದಾಗ

1979ರಲ್ಲಿ ಅಮೆರಿಕದಲ್ಲಿ ಒಂದು ಕಾದಂಬರಿ ಮೊದಲ ಸಲ ಪುಸ್ತಕವಾಗಿ ಹೊರಬಂತು. ಹೆಸರು ‘ಹರ್‌ಲ್ಯಾಂಡ್’. ಗಂಡಸರೇ ಇಲ್ಲದ ನಾಡನ್ನು ಹೆಂಗಸರೇ ಚೆಂದವಾಗಿ ನಡೆಸಿಕೊಂಡು ಹೋಗುವ ಕಥೆ. ಅದು ಮೊದಲು ಬೆಳಕು ಕಂಡಿದ್ದು ಯಾವಾಗ ಅಂದುಕೊಂಡಿರಿ? 1915ರಲ್ಲಿ, ಒಂದು ಮಾಸಪತ್ರಿಕೆಯ ಪುಟಗಳಲ್ಲಿ! ಬರೆದ ಷಾರ್ಲಟ್ ಪರ್ಕಿನ್ಸ್ ಗಿಲ್ಮನ್ 1935ರಲ್ಲೇ ತೀರಿಕೊಂಡಿದ್ದರು. ಲೇಖಕಿ ಹೋದರೂ ಅವರ ಕೃತಿ ಸಿಕ್ಕಿತಲ್ಲ ಎಂದು ಅಲ್ಲಿನ ಓದುಗರು ಹಿಗ್ಗಿದರು.

ಅದೇ 1979ರಲ್ಲಿ, ಗಿಲ್ಮನ್ ಬರೆಯುತ್ತಿದ್ದ ಕಾಲದಲ್ಲೇ ಬರೆದ ನಮ್ಮ ಕನ್ನಡದ ಕಾದಂಬರಿಗಾರ್ತಿಯೊಬ್ಬರು ಮದರಾಸಿನಲ್ಲಿ ಬದುಕಿಯೇ ಇದ್ದರು! ವಯಸ್ಸು 92. ಒಂದು ಕಾಲಕ್ಕೆ ಅವರ ಪುಸ್ತಕಗಳನ್ನು ಮನೆಮನೆಯಲ್ಲಿ ಓದಿದ್ದ ನಾಡಿಗೆ ಅವರ ಹೆಸರೇ ಮರೆತುಹೋಗಿತ್ತು.

ಅವರೇ ನಂಜನಗೂಡು ತಿರುಮಲಾಂಬ.

ಈ ಬದುಕಿನ ಒಂದೊಂದು ಇಸವಿಯನ್ನೂ ನಿಧಾನವಾಗಿ ನೋಡಬೇಕು. ಹುಟ್ಟಿದ್ದು 1887ರ ಮಾರ್ಚ್ 25, ನಂಜನಗೂಡಿನಲ್ಲಿ. ತಂದೆ ವೆಂಕಟಕೃಷ್ಣ ಅಯ್ಯಂಗಾರ್ ವಕೀಲರು. ಮಗಳಿಗೆ ಮದುವೆಯಾದಾಗ ಹತ್ತು ವರ್ಷ. ಮೈಸೂರು ಸಂಸ್ಥಾನದಲ್ಲಿ ಆಗ ಬಾಲ್ಯವಿವಾಹ ತಡೆಯುವ ಕಾನೂನು ಇರಲಿಲ್ಲವೇ? ಇತ್ತು! 1894ರಲ್ಲೇ ಬಂದಿತ್ತು. ಆದರೆ ಅದು ತಡೆದದ್ದು ಎಂಟು ತುಂಬದ ಹುಡುಗಿಯರ ಮದುವೆಯನ್ನು. ಹತ್ತರ ತಿರುಮಲಾಂಬ ಕಾನೂನಿನ ಕಣ್ಣಿನಲ್ಲಿ ಮದುವೆಗೆ ಬಂದ ಹೆಣ್ಣು. ಹದಿನಾಲ್ಕಕ್ಕೆ ಗಂಡ ತೀರಿಕೊಂಡ, ಹುಡುಗಿ ತವರಿಗೆ ಮರಳಿದಳು.

ಇಲ್ಲಿಗೆ ಇಂಥ ಸಾವಿರಾರು ಕಥೆಗಳು ಮುಗಿಯುತ್ತಿದ್ದವು. ಮುಗಿದ ಕಥೆಗಳನ್ನು ಗಂಡಸರು ಬರೆಯುತ್ತಿದ್ದರು. ಮರಾಠಿಯಲ್ಲಿ ಹರಿ ನಾರಾಯಣ ಆಪಟೆ ‘ಪಣ್ ಲಕ್ಷಾತ್ ಕೋಣ್ ಘೇತೋ’ ಬರೆದು, ಯಮುನೆಯೆಂಬ ಹುಡುಗಿಯ ಬಾಯಿಂದಲೇ ಅವಳ ವೈಧವ್ಯದ ಕಥೆ ಹೇಳಿಸಿದ್ದರು. ಕನ್ನಡದಲ್ಲಿ ಗುಲ್ವಾಡಿ ವೆಂಕಟರಾಯರ ‘ಇಂದಿರಾಬಾಯಿ’ 1899ರಲ್ಲಿ ಬಂತು. ಅದರ ನಾಯಕಿಯೂ ಎಳೆಯ ವಿಧವೆ. ದೊಡ್ಡ ಮನಸ್ಸಿನ, ದೊಡ್ಡ ಕೃತಿಗಳು, ನಿಜ. ಆದರೂ ಲೇಖನಿ ಇದ್ದದ್ದು ಗಂಡಸಿನ ಕೈಯಲ್ಲಿ, ವಿಧವೆ ಇದ್ದದ್ದು ಕಥೆಯ ಒಳಗೆ.

ನಂಜನಗೂಡಿನಲ್ಲಿ ಆದದ್ದೇ ಬೇರೆ. ಆ ಪಾತ್ರವೇ ಕಥೆಯಿಂದ ಎದ್ದು ಬಂದು ಲೇಖನಿ ಹಿಡಿಯಿತು!

ತಂದೆ ಓದಲು ಪುಸ್ತಕ ಕೊಟ್ಟರು, ಬರೆಯಲು ಬೆನ್ನು ತಟ್ಟಿದರು. 1913ರಲ್ಲಿ, 26ರ ವಯಸ್ಸಿನಲ್ಲಿ, ತಿರುಮಲಾಂಬ ‘ಸತಿ ಹಿತೈಷಿಣಿ’ ಗ್ರಂಥಮಾಲೆ ಶುರು ಮಾಡಿದರು. ಅಂದರೆ ಬರೆದದ್ದನ್ನು ಯಾರಾದರೂ ಅಚ್ಚು ಹಾಕಿಸಿಯಾರು ಎಂದು ಕಾಯಲಿಲ್ಲ, ತಾವೇ ಪ್ರಕಾಶಕಿಯಾದರು. ಕನ್ನಡ ಸಾಹಿತ್ಯ ಪರಿಷತ್ತು ಹುಟ್ಟಲು ಇನ್ನೂ ಎರಡು ವರ್ಷ ಇತ್ತು. ಲಂಡನ್ನಿನಲ್ಲಿ ವರ್ಜೀನಿಯಾ ವುಲ್ಫ್ ಗಂಡನ ಜೊತೆ ಸೇರಿ ತಮ್ಮದೇ ಹೊಗಾರ್ತ್ ಪ್ರೆಸ್ ತೆರೆಯಲು ನಾಲ್ಕು ವರ್ಷ ಇತ್ತು!

ಆಗಿನ ಅಚ್ಚಿನ ಕೆಲಸ ಹೇಗಿತ್ತು ಗೊತ್ತೇ? ಸೀಸದ ಮೊಳೆಗಳನ್ನು ಒಂದೊಂದಾಗಿ ಆರಿಸಿ ಸಾಲು ಕಟ್ಟಬೇಕು. ಕನ್ನಡಕ್ಕಂತೂ ಕಾಗುಣಿತಕ್ಕೆ ಬೇರೆ, ಒತ್ತಕ್ಷರಕ್ಕೆ ಬೇರೆ ಮೊಳೆ. ಕರಡು ತಿದ್ದಬೇಕು, ಮತ್ತೆ ಕಟ್ಟಬೇಕು, ಅಚ್ಚಾದ ಹಾಳೆ ಮಡಿಸಿ ಹೊಲಿಯಬೇಕು. ಕಾಗದದ ದುಡ್ಡು ಮೊದಲೇ ಎಣಿಸಬೇಕು. ಮಾರಾಟವಾಗದಿದ್ದರೆ ನಷ್ಟ ಪೂರಾ ಪ್ರಕಾಶಕರದ್ದೇ. ವಿಧವೆ ಮದುವೆ ಮುಂಜಿಗೆ ಎದುರು ಬಂದರೆ ಅಪಶಕುನ ಎನ್ನುತ್ತಿದ್ದ ಕಾಲದಲ್ಲಿ, ವಿಧವೆಯ ಹೆಸರು ಹೊತ್ತ ಪುಸ್ತಕ ಮನೆಯ ಹೊಸಿಲು ದಾಟಿ ಒಳಗೆ ಹೋಗಬೇಕಿತ್ತು.

ಹೋಯಿತು! ಮೊದಲ ಕಾದಂಬರಿ ‘ಸುಶೀಲೆ’ ನಾಲ್ಕು ಮುದ್ರಣ ಕಂಡಿತು, 7,000 ಪ್ರತಿ. ಇವತ್ತಿಗೂ ಕನ್ನಡದಲ್ಲಿ ಒಂದು ಕಾದಂಬರಿ ಸಾವಿರ ಪ್ರತಿ ಖರ್ಚಾದರೆ ಪ್ರಕಾಶಕರು ನೆಮ್ಮದಿಯ ಉಸಿರು ಬಿಡುತ್ತಾರೆ. ಓದು ಬಲ್ಲ ಹೆಂಗಸರೇ ಊರಿಗೆ ಬೆರಳೆಣಿಕೆಯಷ್ಟಿದ್ದ ಕಾಲದಲ್ಲಿ ಏಳು ಸಾವಿರ! ‘ನಭಾ’, ‘ವಿದ್ಯುಲ್ಲತಾ’, ‘ವಿರಾಗಿಣಿ’, ‘ದಕ್ಷಕನ್ಯೆ’, ‘ಮಾತೃನಂದಿನಿ’ ಒಂದರ ಹಿಂದೊಂದು ಬಂದವು. ಸಾಲದೆಂಬಂತೆ ‘ಕರ್ನಾಟಕ ನಂದಿನಿ’ ಎಂಬ ಮಹಿಳೆಯರ ಮಾಸಪತ್ರಿಕೆ, ಆಮೇಲೆ ‘ಸನ್ಮಾರ್ಗದರ್ಶಿನಿ’. ಕನ್ನಡದ ಮೊದಲ ಪತ್ರಕರ್ತೆ, ಮೊದಲ ಪ್ರಕಾಶಕಿ ಎಂದು ಅವರನ್ನು ಕರೆಯುವುದು ಇದಕ್ಕೇ.

ಈಗ ಅಮೆರಿಕದ ಕಡೆ ನೋಡಿ, ಮೈ ಜುಮ್ಮೆನ್ನುತ್ತದೆ. ಗಿಲ್ಮನ್ ಕೂಡ 1909ರಿಂದ 1916ರವರೆಗೆ ‘ಫೋರ್‌ರನ್ನರ್’ ಎಂಬ ಮಾಸಪತ್ರಿಕೆಯನ್ನು ತಾವೇ ಹೊರತಂದರು. ಸಂಪಾದಕಿ ಅವರೇ, ಪ್ರಕಾಶಕಿ ಅವರೇ, ಕಥೆ, ಕವಿತೆ, ಲೇಖನ, ಧಾರಾವಾಹಿ ಬರೆಯುವವರೂ ಅವರೇ! ಹೆಂಗಸಿನ ಕೈಗೆ ಅವಳದೇ ದುಡಿಮೆಯ ಕಾಸು ಬರಬೇಕು ಎಂದು ಊರೂರು ತಿರುಗಿ ಭಾಷಣ ಮಾಡಿದವರು. ನಂಜನಗೂಡಿನ ಕಪಿಲೆಯ ದಂಡೆಯವರೊಬ್ಬರು, ಅಟ್ಲಾಂಟಿಕ್ ದಡದವರೊಬ್ಬರು. ಒಂದೇ ದಶಕದಲ್ಲಿ ಇಬ್ಬರಿಗೂ ಹೊಳೆದದ್ದು ಒಂದೇ ಉಪಾಯ: ಬರೆದರೆ ಸಾಲದು, ಅಚ್ಚೂ ನಮ್ಮ ಕೈಯಲ್ಲೇ ಇರಬೇಕು.

ಹಾಗೆಂದು ಇಬ್ಬರನ್ನೂ ದೇವರ ಪೀಠದಲ್ಲಿ ಕೂರಿಸಬೇಕಿಲ್ಲ. ಗಿಲ್ಮನ್‌ಗೆ ಕರಿಯರ ಬಗ್ಗೆ ಇದ್ದ ತಾತ್ಸಾರ ಓದಿದರೆ ಇವತ್ತು ಕಸಿವಿಸಿಯಾಗುತ್ತದೆ. ತಿರುಮಲಾಂಬ ಹೆಣ್ಣಿಗೆ ವಿದ್ಯೆ ಬೇಕೇ ಬೇಕು ಎಂದರು, ಅದರ ಜೊತೆಗೇ ಪಾತಿವ್ರತ್ಯವನ್ನೂ ಎತ್ತಿ ಹಿಡಿದರು. ಆಮೇಲೆ ಬಂದ ನವೋದಯ ಸಾಹಿತ್ಯದ ಹೊಸ ಅಭಿರುಚಿಗೆ ಅವರ ಕಾದಂಬರಿ ನೀತಿಬೋಧೆಯಾಗಿ ಕಂಡಿತು, ಮೆಲ್ಲಗೆ ಪಕ್ಕಕ್ಕೆ ಸರಿಯಿತು. ಆದರೆ ಅವರ ಬರವಣಿಗೆಗಿಂತ ಅವರ ಕೆಲಸ ಧೈರ್ಯದ್ದು. ಪುಸ್ತಕದೊಳಗೆ ಮನೆಯಲ್ಲೇ ಇದ್ದು ಬಾಳುವ ಸತಿ, ಪುಸ್ತಕದ ಹೊರಗೆ ಅಚ್ಚುಕೂಟದ ಲೆಕ್ಕ ನೋಡುವ ಒಡತಿ!

ಅವರನ್ನು ಮರೆವಿನಿಂದ ಹೊರತಂದವರಲ್ಲಿ ಮುಖ್ಯರು ಬೆಂಗಳೂರಿನ ಎನ್.ಎಂ.ಕೆ.ಆರ್.ವಿ. ಮಹಿಳಾ ಕಾಲೇಜಿನ ಸಿ.ಎನ್. ಮಂಗಳಾ. ಅಲ್ಲಿನ ‘ಶಾಶ್ವತಿ’ ಸಂಸ್ಥೆ ಲೇಖಕಿಯರಿಗೆ ಕೊಡುವ ಪ್ರಶಸ್ತಿಗೆ ತಿರುಮಲಾಂಬ ಅವರದೇ ಹೆಸರು. 1982ರಲ್ಲಿ, 95ರ ವಯಸ್ಸಿನಲ್ಲಿ, ಅವರು ತೀರಿಕೊಂಡರು.

ನನ್ನ ತಲೆಯಲ್ಲಿ ಮಾತ್ರ ಒಂದೇ ಲೆಕ್ಕ ಸುತ್ತುತ್ತಿದೆ. ‘ಸುಶೀಲೆ’ಯ ಏಳು ಸಾವಿರ ಪ್ರತಿ ಎಲ್ಲಿ ಹೋದವು? ಒಂದು ಪ್ರತಿಯನ್ನು ಅತ್ತೆ, ಸೊಸೆ, ನಾದಿನಿ, ನೆರೆಮನೆಯವರು ಕೂತು ಓದಿದ್ದರೆ, ಕೇಳಿದವರೆಷ್ಟು? ಮೈಸೂರಿರಲಿ, ಮಂಗಳೂರಿರಲಿ, ಗಡಿಯಾಚೆ ಮಹಾರಾಷ್ಟ್ರದ ಯಡ್ರಾವ, ಇಚಲಕರಂಜಿಯ ಕನ್ನಡ ಮನೆಗಳಿರಲಿ, ಅಟ್ಟದ ಹಳೆ ಪೆಟ್ಟಿಗೆಯನ್ನು ರದ್ದಿಗೆ ಹಾಕುವ ಮುನ್ನ ಒಮ್ಮೆ ತೆರೆದು ನೋಡಿ. ‘ಸತಿ ಹಿತೈಷಿಣಿ’ ಎಂಬ ಹೆಸರು ಕಂಡರೆ ಹತ್ತಿರದ ಗ್ರಂಥಾಲಯಕ್ಕೆ ಸುದ್ದಿ ಮುಟ್ಟಿಸಿ. ಅದರ ಅಂಚಿನಲ್ಲಿ ಯಾರಾದರೂ ಪೆನ್ಸಿಲ್ಲಿನಿಂದ ಏನಾದರೂ ಗೀಚಿದ್ದರಂತೂ ಅಳಿಸಲೇಬೇಡಿ. ಲೇಖಕಿ ಸಿಕ್ಕಿದ್ದಾರೆ, ಅವರ ಓದುಗಿತ್ತಿಯರು ಸಿಗುವುದು ಇನ್ನೂ ಬಾಕಿ ಇದೆ!